ನಾಲ್ಕೇ ದೇಶ, ಎಂಟಲ್ಲ

ಏಕಾಂತಯ್ಯನವರು ತೀರಿಕೊಂಡ ಮೇಲೆ ವಾಚನಾಲಯದಲ್ಲಿ ನಡೆದ ಸಭೆಯಲ್ಲಿ ಆರು ಜನ ಮಾತಾಡಿದರು. ಆರು ಜನವೂ ಅವರನ್ನು ಸರಳ ಮನುಷ್ಯ ಎಂದರು. ನಾನು ಹತ್ತೊಂಬತ್ತು ವರ್ಷ ಅವರನ್ನು ದಿನವೂ ನೋಡಿದವಳು. ಅವರಷ್ಟು ತೊಡಕಿನ, ಹಟದ, ತಾಳ್ಮೆಗೆಡಿಸುವ ಮನುಷ್ಯನನ್ನು ಕಾಲೇಜಿನ ಅಧ್ಯಾಪಕರ ಕೊಠಡಿಯಲ್ಲೂ ಕಂಡಿಲ್ಲ. ಆ ಹಟದಿಂದ ೧೯೬೨ರ ಜನವರಿಯಲ್ಲಿ ಅವರ ಕೆಲಸವೂ ಅದರ ಜೊತೆಗೆ ತಲೆಯ ಮೇಲಿನ ಸೂರೂ ಹೋಗುವುದರಲ್ಲಿದ್ದವು. ಸಭೆಯಲ್ಲಿ ಆ ಮಾತನ್ನು ಯಾರೂ ಎತ್ತಲಿಲ್ಲ. ಎತ್ತಿದ್ದರೆ ಮಾತಾಡಿದವರಲ್ಲಿ ಮೂವರು ತಲೆ ತಗ್ಗಿಸಬೇಕಾಗುತ್ತಿತ್ತು. ಆದ್ದರಿಂದ ನಾನೇ ಬರೆದಿಡುತ್ತಿದ್ದೇನೆ.

ಅವರು ನಂಜನಗೂಡಿನ ಕಡೆಯ ಹಳ್ಳಿಯೊಂದರ ಜಂಗಮರ ಮನೆಯವರು. ಮಠದ ಉಚಿತ ವಿದ್ಯಾರ್ಥಿನಿಲಯದಲ್ಲಿದ್ದುಕೊಂಡು ಮೈಸೂರಿನಲ್ಲಿ ಲೋಯರ್ ಸೆಕೆಂಡರಿ ಮುಗಿಸಿದರು. ಮುಂದೆ ಓದಿಸುವವರಿರಲಿಲ್ಲ. ಲಷ್ಕರ್ ಮೊಹಲ್ಲಾದ ಒಂದು ಛಾಪಖಾನೆಯಲ್ಲಿ ಅಚ್ಚುಮೊಳೆ ಜೋಡಿಸುವ ಕೆಲಸಕ್ಕೆ ಸೇರಿದರು. ಅವರ ಕೈಬರಹ ಚೆನ್ನಾಗಿತ್ತು. ೧೯೪೭ರಲ್ಲಿ ಮೈಸೂರು ಸಂಸ್ಥಾನದಲ್ಲಿ ಜವಾಬ್ದಾರಿ ಸರ್ಕಾರಕ್ಕಾಗಿ ಚಳವಳಿ ನಡೆದಾಗ, ಅದರಲ್ಲಿದ್ದವರು ಬೀದಿ ಮೂಲೆಯಲ್ಲಿ ಒಂದು ಕಪ್ಪು ಹಲಗೆ ನಿಲ್ಲಿಸಿ, ಇವರ ಕೈಗೆ ಸೀಮೆಸುಣ್ಣ ಕೊಟ್ಟು, ದಿನದ ಸುದ್ದಿ ಬರೆಯಲು ಹೇಳಿದರು.

ಒಂದು ಮಧ್ಯಾಹ್ನ ಯಾರೋ ಓಡಿಬಂದು, ಗಲಾಟೆಯಲ್ಲಿ ಕುಂಬಾರಕೊಪ್ಪಲಿನ ಕೆಂಪಯ್ಯ ಎಂಬುವನು ಸತ್ತನೆಂದು ಹೇಳಿದರು. ಏಕಾಂತಯ್ಯ ಬರೆದರು. ಸಂಜೆ ಕೆಂಪಯ್ಯ ಹಸಿಹುಲ್ಲಿನ ಹೊರೆ ಹೊತ್ತುಕೊಂಡು ಮನೆಗೆ ಬಂದಾಗ, ಅವನ ಹೆಂಡತಿ ದೇವಿರಮ್ಮ ಬಳೆ ಒಡೆದುಕೊಂಡು, ಕುಂಕುಮ ಅಳಿಸಿಕೊಂಡು ಕೂತಿದ್ದಳು. ಗಂಡ ಬದುಕಿರುವಾಗ ಒಡೆದ ಬಳೆಗೆ ಏನು ಪರಿಹಾರ, ಮತ್ತೆ ಬಳೆ ತೊಡಿಸುವುದು ಯಾವ ದಿನ ಎಂದು ಕೇರಿಯವರು ಒಂದು ವಾರ ಪಂಚಾಯಿತಿ ಮಾಡಿದರು. ಆ ವಾರವೆಲ್ಲ ಏಕಾಂತಯ್ಯ ಕೆಲಸ ಬಿಟ್ಟು ಆ ಮನೆಯ ಜಗಲಿಯ ಮೇಲೆ ಹೋಗಿ ಕೂರುತ್ತಿದ್ದರಂತೆ. ದೇವಿರಮ್ಮ ಬೈದದ್ದನ್ನೆಲ್ಲ ಬೈಸಿಕೊಂಡರಂತೆ. ಅಂದಿನಿಂದ ಅವರದೊಂದು ನಿಯಮ: ಎರಡು ಪತ್ರಿಕೆ, ಜೊತೆಗೆ ರೇಡಿಯೋ. ಮೂರೂ ಒಂದೇ ಮಾತು ಹೇಳಿದರೆ ಮಾತ್ರ ಅದು ಹಲಗೆಗೆ.

೧೯೪೯ರಲ್ಲಿ ಕೃಷ್ಣಮೂರ್ತಿಪುರಂನಲ್ಲಿ ಹಿತಚಿಂತಕ ವಾಚನಾಲಯ ಶುರುವಾದಾಗ ಅವರನ್ನು ಕರೆದು ನೇಮಿಸಿದರು. ಬೆಳಗ್ಗೆ ಬಾಗಿಲು ತೆಗೆಯುವುದು, ಬೆಂಚು ಒರೆಸುವುದು, ಪತ್ರಿಕೆಗಳನ್ನು ಕೋಲಿಗೆ ಕಟ್ಟುವುದು, ಹೊರಗೋಡೆಯ ದೊಡ್ಡ ಕಪ್ಪು ಹಲಗೆಯ ಮೇಲೆ ಸುದ್ದಿ ಬರೆಯುವುದು ಅವರ ಕೆಲಸ. ಕಟ್ಟಡದ ಹಿಂದೆ ಒಂದು ಕೋಣೆ, ಒಂದು ಒಲೆಮನೆ. ಹೆಂಡತಿ ಪಾರ್ವತಮ್ಮ, ಮಗಳು ಭಾಗ್ಯಮ್ಮ, ಇವರು ಅಲ್ಲಿದ್ದರು. ಕೆಲಸವಿರುವವರೆಗೆ ಮನೆ. ಅದು ಕರಾರಿನಲ್ಲೇ ಇತ್ತು.

ನಾನು ಅದೇ ಬೀದಿಯವಳು. ಹೆಣ್ಣುಮಕ್ಕಳ ಕಾಲೇಜಿನಲ್ಲಿ ಭೌತಶಾಸ್ತ್ರ ಪಾಠ ಹೇಳುತ್ತಿದ್ದೆ. ವಾಚನಾಲಯದ ಐದು ಜನರ ಸಮಿತಿಯಲ್ಲಿ ನನ್ನನ್ನೂ ಸೇರಿಸಿಕೊಂಡಿದ್ದರು. ಆ ವರ್ಷದ ಸೆಪ್ಟೆಂಬರಿನಲ್ಲಿ ರಷ್ಯವೂ ಅಣುಬಾಂಬು ಸಿಡಿಸಿತೆಂದು ಸುದ್ದಿ ಬಂತು. ಬೆಳಗ್ಗೆ ಕಾಲೇಜಿಗೆ ಹೊರಟವಳನ್ನು ಏಕಾಂತಯ್ಯ ಗೇಟಿನ ಹತ್ತಿರ ತಡೆದರು.

"ಮೇಡಂ, ಈ ಬಾಂಬು ಈಗ ಎಷ್ಟು ದೇಶದ ಹತ್ರ ಇದೆ?"

"ಎರಡು. ಅಮೆರಿಕ, ರಷ್ಯ."

"ಎಷ್ಟೆಷ್ಟಿವೆ?"

"ಅದು ಗುಟ್ಟು. ಯಾರೂ ಹೇಳೋದಿಲ್ಲ."

"ನೀವು ಎಂ.ಎಸ್ಸಿ. ಮಾಡಿದೋರಲ್ವಾ?"

"ಎಂ.ಎಸ್ಸಿ. ಮಾಡಿದವರಿಗೆಲ್ಲ ಬಾಂಬಿನ ಪಟ್ಟಿ ಕಳಿಸೋ ಪದ್ಧತಿ ಅಮೆರಿಕದಲ್ಲಿಲ್ಲ ಏಕಾಂತಯ್ಯ. ದಾರಿ ಬಿಡಿ, ನನಗೆ ಹೊತ್ತಾಯ್ತು."

ಮರುದಿನ ನೋಡಿದರೆ ಹಲಗೆಯ ಬಲಮೂಲೆಯಲ್ಲಿ ಬಿಳಿ ಬಣ್ಣದಿಂದ ಒಂದು ಚೌಕ ಎಳೆದಿದ್ದರು. ಅದರೊಳಗೆ: ಅಣುಬಾಂಬು ಉಳ್ಳ ದೇಶಗಳು. ಒಂದು, ಅಮೆರಿಕ. ಎರಡು, ರಷ್ಯ. ಎಷ್ಟಿವೆ: ತಿಳಿದಿಲ್ಲ.

೧೯೫೨ರಲ್ಲಿ ಬ್ರಿಟನ್ ಮೂರನೆಯದಾಗಿ ಸೇರಿತು. ೧೯೬೦ರಲ್ಲಿ ಫ್ರಾನ್ಸ್ ನಾಲ್ಕನೆಯದು. ಉಳಿದ ಸುದ್ದಿ ದಿನಾ ಅಳಿಸಿ ಬರೆಯುತ್ತಿದ್ದರು. ಆ ಚೌಕ ಮಾತ್ರ ಹಾಗೇ ಇರುತ್ತಿತ್ತು. ಮಳೆಯ ಎರಚಲಿಗೆ ಅಳಿಯಬಾರದೆಂದು ಸೀಮೆಸುಣ್ಣವನ್ನು ಸಕ್ಕರೆ ನೀರಿನಲ್ಲಿ ನೆನೆಸಿ ಬರೆಯುತ್ತಿದ್ದರು. ಹಲಗೆಗೆ ಇರುವೆ ಮುತ್ತಿ ಅಮೆರಿಕದ ಮೇಲೆ ಸಾಲುಗಟ್ಟಿರುತ್ತಿತ್ತು.

ಜನರಿಗೆ ಆ ನಾಲ್ಕು ದೇಶದ ವಿಷಯದಲ್ಲಿ ತಕರಾರಿರಲಿಲ್ಲ. ಕಣ್ಣು ಚುಚ್ಚುತ್ತಿದ್ದದ್ದು ಕೆಳಗಿನ 'ತಿಳಿದಿಲ್ಲ'. ಸಮಿತಿಯ ಕಾರ್ಯದರ್ಶಿ ನಂಜುಂಡಸ್ವಾಮಿಯವರು ತಾಲ್ಲೂಕಿನ ಅಧಿಕಾರ ನಡೆಸಿ ನಿವೃತ್ತರಾದ ಅಮಲ್ದಾರರು. ಅವರಂತೂ ವರ್ಷಕ್ಕೆರಡು ಸಲ ಕೂಗಾಡುತ್ತಿದ್ದರು.

"ಜ್ಞಾನಪ್ರಸಾರಕ್ಕೆ ಅಂತ ವಾಚನಾಲಯ ಇಟ್ಕೊಂಡು, ಬಾಗಿಲಲ್ಲೇ ತಿಳಿದಿಲ್ಲ ಅಂತ ಬರೆಸ್ಕೊಂಡಿದೀವಲ್ರೀ! ಏನಾದ್ರೂ ಒಂದು ನಂಬರ್ ಹಾಕಿ ಏಕಾಂತಯ್ಯ."

"ಯಾವ ನಂಬರ್ ಸ್ವಾಮಿ?"

"ಮೇಡಂನ ಕೇಳಿ."

ಮೇಡಂನ ಕೇಳುವುದೆಂದರೆ ನನ್ನ ಪ್ರಾಣ ತಿನ್ನುವುದು. ಕಾಲೇಜಿಗೆ ಬರುತ್ತಿದ್ದ ವಿದೇಶಿ ಪತ್ರಿಕೆಗಳಲ್ಲಿ ಒಂದು, ಕೆಲವು ಸಾವಿರ ಎನ್ನುತ್ತಿತ್ತು. ಇನ್ನೊಂದು ಹತ್ತಾರು ಸಾವಿರ ಎನ್ನುತ್ತಿತ್ತು. ಎರಡೂ ಅಂದಾಜು. ಒಂದು ದಿನ ಬೇಸತ್ತು, ಅಂದಾಜು ಎಂದೇ ಬರೆದು ಒಂದು ಸಂಖ್ಯೆ ಹಾಕಿಬಿಡಿ, ಪೀಡೆ ತೊಲಗಲಿ ಎಂದೆ.

"ಅಂದಾಜಿನ ಮೇಲೆ ಒಂದು ಸಲ ಬಳೆ ಒಡೆದದ್ದು ಸಾಕು ಮೇಡಂ" ಎಂದರು.

೧೯೬೧ರ ಅಕ್ಟೋಬರ್ ಕೊನೆಯಲ್ಲಿ ರಷ್ಯ ಉತ್ತರಧ್ರುವದ ಕಡೆ ಐವತ್ತು ಮೆಗಾಟನ್ನಿನ ಬಾಂಬು ಸಿಡಿಸಿತು. ಅಷ್ಟು ದೊಡ್ಡದನ್ನು ಅದುವರೆಗೆ ಯಾರೂ ಸಿಡಿಸಿರಲಿಲ್ಲ. ಮೆಗಾಟನ್ ಎಂದರೆ ಹತ್ತು ಲಕ್ಷ ಟನ್ ಸಿಡಿಮದ್ದಿಗೆ ಸಮ, ಹಿರೋಷಿಮಾದ ಮೇಲೆ ಬಿದ್ದದ್ದರ ಸುಮಾರು ಮೂರು ಸಾವಿರ ಪಟ್ಟು ಇದು ಎಂದು ಅವರಿಗೆ ಬಿಡಿಸಿ ಹೇಳಿದೆ. ಅವರು ಕೈಯಲ್ಲಿದ್ದ ಸೀಮೆಸುಣ್ಣ ಕೆಳಗಿಟ್ಟರು. ವಿಷಯ ಮನಸ್ಸಿಗೆ ನಾಟಿತೆಂದುಕೊಂಡೆ. ಆಮೇಲೆ, "ಸುಮಾರು ಅಂದ್ರಲ್ಲ, ಸರಿಯಾಗಿ ಎಷ್ಟು?" ಎಂದರು.

ಇದಾಗಿ ಎರಡು ತಿಂಗಳಿಗೆ ಅಷ್ಟಗ್ರಹ ಕೂಟದ ಗಲಾಟೆ ಶುರುವಾಯಿತು. ಫೆಬ್ರವರಿ ಮೂರರಿಂದ ಐದರವರೆಗೆ ಎಂಟು ಗ್ರಹಗಳು ಮಕರರಾಶಿಯಲ್ಲಿ ಸೇರುತ್ತವೆ, ಪ್ರಪಂಚಕ್ಕೆ ಗಂಡಾಂತರ ಎಂದು ದೇಶಕ್ಕೆ ದೇಶವೇ ನಡುಗಿತು. ಆ ಗ್ರಹಗಳು ಒಂದಕ್ಕೊಂದು ಕೋಟ್ಯಂತರ ಮೈಲಿ ದೂರದಲ್ಲೇ ಇರುತ್ತವೆ, ನಾವು ನಿಂತ ಕಡೆಯಿಂದ ಒಂದೇ ದಿಕ್ಕಿನಲ್ಲಿ ಕಾಣುತ್ತವೆ ಅಷ್ಟೆ, ಅದರಲ್ಲಿ ರಾಹುವೋ ಕೇತುವೋ ಗ್ರಹವೇ ಅಲ್ಲ ಎಂದು ತರಗತಿಯಲ್ಲಿ ಹೇಳಿದೆ. ಬಿ.ಎಸ್ಸಿ. ಓದುವ ಹುಡುಗಿಯರು ಬರೆದುಕೊಂಡರು. ಬರೆದುಕೊಂಡು, ಫೆಬ್ರವರಿ ಮೊದಲ ವಾರಕ್ಕೆ ರಜಾ ಚೀಟಿ ಕೊಟ್ಟರು.

ನಮ್ಮ ಬಡಾವಣೆಯಲ್ಲೂ ಶಾಂತಿಹೋಮ ಮಾಡಿಸುವುದೆಂದಾಯಿತು. ವಾಚನಾಲಯದ ಮುಂದಿನ ಬಯಲೇ ಜಾಗ. ಹೋಮ ನಡೆಸುವವರು ಕೃಷ್ಣಸ್ವಾಮಿ ಜೋಯಿಸರು, ಮುಂದೆ ನಿಂತವರು ಅಮಲ್ದಾರ್ ನಂಜುಂಡಸ್ವಾಮಿಯವರು. ಜೋಯಿಸರು ಎಂಟು ಗ್ರಹ ಎಂದಷ್ಟೇ ಹೇಳಿದ್ದರು. ಅಮಲ್ದಾರರು ಅದಕ್ಕೆ ತಮ್ಮದೊಂದು ಸೇರಿಸಿದರು: ಒಂದೊಂದು ಗ್ರಹವೂ ಒಂದೊಂದು ದೇಶದ ಕೈಯಿಂದ ಬಾಂಬು ಹಾಕಿಸುತ್ತದೆ. ಎಂಟು ಗ್ರಹ, ಎಂಟು ರಾಷ್ಟ್ರ. ಕರಪತ್ರವನ್ನೂ ಅಚ್ಚು ಹಾಕಿಸಿಬಿಟ್ಟರು. ಬಡಾವಣೆಯ ಗೋಡೆಗಳಿಗೆಲ್ಲ ಅಂಟಿಸಿದ ಮೇಲೆ ಅವರ ಕಣ್ಣಿಗೆ ಬಿದ್ದದ್ದು ನಮ್ಮ ಹಲಗೆ. ಕರಪತ್ರದಲ್ಲಿ ಎಂಟು. ಹೋಮಕುಂಡದ ಎದುರಿಗೇ, ವಾಚನಾಲಯದ ಗೋಡೆಯ ಮೇಲೆ ನಾಲ್ಕು.

ನಾನು ಒಳಗೆ ಪತ್ರಿಕೆ ಓದುತ್ತಿದ್ದೆ. ಕಿಟಕಿಯಾಚೆ ಅವರ ಧ್ವನಿ ಕೇಳಿಸಿತು.

"ಏಕಾಂತಯ್ಯ, ಆ ಪಟ್ಟಿಗೆ ಇನ್ನೊಂದು ನಾಲ್ಕು ಸೇರಿಸ್ಬುಡಿ."

"ಯಾವ ನಾಲ್ಕು ಸ್ವಾಮಿ?"

"ಯಾವುದಾದ್ರೂ ದೊಡ್ಡ ದೊಡ್ಡ ದೇಶ ಕಣ್ರೀ. ಚೀನಾ ಹಾಕಿ. ಜರ್ಮನಿ ಹಾಕಿ. ಜಪಾನ್ ಹಾಕಿ."

"ಜಪಾನಾ?"

"ಯಾಕೆ, ಅವರೇನು ಕಮ್ಮಿನಾ? ಬಲೇ ಬುದ್ಧಿವಂತ್ರು."

"ಹಾಕಿಸ್ಕೊಂಡೋರು ಸ್ವಾಮಿ ಅವರು. ಎರಡೆರಡು ಹಾಕಿಸ್ಕೊಂಡು ಸತ್ತೋರನ್ನ ಹಾಕೋರ ಪಟ್ಟೀಲಿ ಬರೀಲಾ?"

"ಸರಿ, ಜಪಾನ್ ಬುಡಿ. ಸಮಿತೀಲಿ ತೀರ್ಮಾನ ಮಾಡಿ ಹೇಳ್ತೀವಿ. ನೀವು ಬರೆಯೋದು ಬರೀರಿ."

"ನನ್ನ ಪೇಪರಲ್ಲಿ ನಾಲ್ಕೇ ಬಂದಿರೋದು ಸ್ವಾಮಿ."

"ನಿಮ್ಮ ಪೇಪರಾ? ಪೇಪರು ವಾಚನಾಲಯದ್ದು. ಹಲಗೆ ವಾಚನಾಲಯದ್ದು. ನೀವಿರೋ ಕೋಣೇನೂ ವಾಚನಾಲಯದ್ದು. ಜ್ಞಾಪಕ ಇರಲಿ."

ಸಮಿತಿ ಸೇರಿತು. ಅಣುಬಾಂಬು ಯಾವ ದೇಶಗಳಲ್ಲಿದೆ ಎಂಬುದನ್ನು ಬಹುಮತದಿಂದ ತೀರ್ಮಾನಿಸುವ ಸಭೆಯಲ್ಲಿ ನಾನು ಒಂದೂವರೆ ಗಂಟೆ ಕೂತಿದ್ದೆ. ಚೀನಾ, ಜರ್ಮನಿ ಬೇಗ ಮುಗಿದವು. ಏಳನೆಯದಕ್ಕೆ ಒಬ್ಬರು ಇಟಲಿ ಎಂದರು. ಏಕೆಂದು ಕೇಳಿದರೆ, ಹೋದ ಯುದ್ಧದಲ್ಲಿ ಇತ್ತಲ್ಲ ಎಂದರು. ಎಂಟನೆಯದರಲ್ಲಿ ಜಗಳ ಹತ್ತಿತು. ಸಮಿತಿಯಲ್ಲಿ ಎಲ್ಲರಿಗಿಂತ ಚಿಕ್ಕವರಾದ ಸುಂದರೇಶ, ಒಂದು ಕಚೇರಿಯ ಗುಮಾಸ್ತರು, ಭಾರತದ ಹೆಸರು ಬಿಟ್ಟರೆ ದೇಶಕ್ಕೆ ಅವಮಾನ ಎಂದರು. ಖಜಾಂಚಿ ಮಹದೇವಯ್ಯನವರು, ಹೆಸರು ಹಾಕಿದರೆ ನಮ್ಮ ಬಾಂಬೂ ಅವತ್ತೇ ಬೀಳಬೇಕಾಗುತ್ತದೆ, ಆ ಪಾಪ ಯಾರ ತಲೆಗೆ ಎಂದರು. ಕೊನೆಗೆ ಅಮಲ್ದಾರರು ರಾಜಿ ಮಾಡಿಸಿದರು: ಎಂಟು, ಭಾರತ, ಶಾಂತಿಗಾಗಿ ಮಾತ್ರ. ಇದು ನಡವಳಿ ಪುಸ್ತಕದಲ್ಲಿ ಹೀಗೇ ದಾಖಲಾಗಿದೆ. ನನ್ನ ವಿರೋಧವೂ ಅಲ್ಲೇ ಇದೆ. ಜನವರಿ ಇಪ್ಪತ್ತೆರಡು, ಸೋಮವಾರ ಬೆಳಗ್ಗೆ ಎಂಟು ಗಂಟೆಯೊಳಗೆ ಹಲಗೆಯಲ್ಲಿ ಎಂಟು ದೇಶವಿರಬೇಕು, ಇಲ್ಲದಿದ್ದರೆ ಏಕಾಂತಯ್ಯನವರ ಮೇಲೆ ಶಿಸ್ತಿನ ಕ್ರಮ ಎಂದು ಠರಾವಾಯಿತು.

ಭಾನುವಾರ ಸಂಜೆ ಅವರ ಕೋಣೆಗೆ ಹೋದೆ. ಮನೆ ಉಳಿಸಿಕೊಳ್ಳಲಿ ಎಂಬುದಷ್ಟೇ ನನ್ನ ಉದ್ದೇಶ. ದಾರಿಯಲ್ಲೇ ಒಂದು ಉಪಾಯ ಯೋಚಿಸಿದ್ದೆ.

"ನಾಲ್ಕು ಖಚಿತ, ನಾಲ್ಕು ಶಂಕಿತ ಅಂತ ಬರೀರಿ. ಎಂಟೂ ಆಗುತ್ತೆ, ಸುಳ್ಳೂ ಆಗೋದಿಲ್ಲ."

"ಇಟಲಿ ಮೇಲೆ ಯಾರಿಗೆ ಶಂಕೆ ಮೇಡಂ?"

"ಯಾರಿಗೂ ಇಲ್ಲ. ಬರೆದು ಸುಮ್ಮನಿರಿ."

"ನಿಮ್ಮ ಹುಡುಗಿ ಪರೀಕ್ಷೇಲಿ ಹೀಗೆ ಬರೆದ್ರೆ ಎಷ್ಟು ಮಾರ್ಕ್ಸ್ ಕೊಡ್ತೀರಿ?"

ಒಲೆಯ ಮುಂದಿನಿಂದ ಪಾರ್ವತಮ್ಮ ಮಾತಾಡಿದರು.

"ಅವ್ರನ್ನ ಯಾಕ್ ಕೇಳ್ತೀರಿ ಮೇಡಮ್ಮೋರೇ? ಅವ್ರ ನಾಲ್ಕು ದೇಶ ಗೋಡೆ ಮೇಲೆ ಭದ್ರವಾಗಿರ್ತವೆ. ನನ್ನ ನಾಲ್ಕು ಪಾತ್ರೆ ಬೀದಿಗೆ ಬೀಳ್ತವೆ."

"ಬೀದಿಗೆ ಯಾಕೆ ಬೀಳ್ತವೆ, ನಿನ್ನ ತಮ್ಮನ ಮನೆ ಇಲ್ವಾ?" ಎಂದರು ಏಕಾಂತಯ್ಯ.

"ಅದೆಯಲ್ಲ. ಒಂದಂಕಣದ ಮನೇಲಿ ಏಳು ಜನ ಅವ್ರೆ. ನಿಮ್ಮ ಹಲಗೇನೂ ತಗೊಂಡು ಬನ್ನಿ, ಅದ್ರ ಮೇಲೆ ಮಲಗಾನ."

ಏಕಾಂತಯ್ಯ ಗೋಡೆಯ ಕಡೆ ತಿರುಗಿ ಸೀಮೆಸುಣ್ಣ ನೆನೆಸಲು ಕೂತರು. ಇಂಥವರಿಗೆ ಸಹಾಯ ಮಾಡಲು ಹೊರಡುವವರ ಬುದ್ಧಿಗೆ ಏನು ಹೇಳಬೇಕೋ ತಿಳಿಯದೆ ಎದ್ದು ಬಂದೆ.

ಸೋಮವಾರ ಎಂಟು ಗಂಟೆಗೆ ಹಲಗೆಯಲ್ಲಿ ನಾಲ್ಕೇ ಇದ್ದವು. ಅಮಲ್ದಾರರ ಅಪ್ಪಣೆಯಂತೆ ಸುಂದರೇಶ ಸ್ಟೂಲು ಹತ್ತಿ ಉಳಿದ ನಾಲ್ಕನ್ನು ಬರೆದರು. ಜರ್ಮನಿ ಓರೆಯಾಯಿತು, ಭಾರತಕ್ಕೆ ಚೌಕದಲ್ಲಿ ಜಾಗ ಸಾಲದೆ ಶಾಂತಿ ಹೊರಗೆ ಉಳಿಯಿತು. ಓದಲು ಬಂದವರು ಇಪ್ಪತ್ತು ಮಂದಿ ನಿಂತು ನೋಡುತ್ತಿದ್ದರು. ಸುಂದರೇಶ ಇಳಿದು ಕೈ ಜಾಡಿಸಿಕೊಳ್ಳುವಷ್ಟರಲ್ಲಿ ಏಕಾಂತಯ್ಯ ಒದ್ದೆ ಬಟ್ಟೆ ತಂದು, ಅದೇ ಸ್ಟೂಲು ಹತ್ತಿ, ಐದರಿಂದ ಎಂಟರವರೆಗೆ ಒರೆಸಿದರು. ಗುಂಪಿನಲ್ಲಿ ಯಾರೋ ನಕ್ಕರು. ಆ ನಗೆ ಅಮಲ್ದಾರರಿಗೆ ಕೇಳಿಸಿತು.

ಅಂದೇ ಸಂಜೆ ತುರ್ತು ಸಭೆ. ಇಲ್ಲಿ ನಾನು ಮಾಡಿದ ತಪ್ಪನ್ನೂ ಹೇಳಬೇಕು. ಐವರಲ್ಲಿ ಅಮಲ್ದಾರರು, ಸುಂದರೇಶ ಒಂದು ಕಡೆ. ನಾನು ಇನ್ನೊಂದು ಕಡೆ. ಮಹದೇವಯ್ಯನವರೂ ಐದನೆಯ ಸದಸ್ಯರೂ, ಪಾಪ, ಹಳಬ, ಎಚ್ಚರಿಕೆ ಕೊಟ್ಟು ಬಿಟ್ಟುಬಿಡೋಣ ಎಂಬ ಮನಸ್ಸಿನಲ್ಲಿದ್ದರು. ಬರುವಾಗಲೇ ಇಬ್ಬರೂ ನನಗೆ ಹಾಗೆ ಹೇಳಿದ್ದರು. ನಾನು ಸುಮ್ಮನೆ ಕೈ ಎತ್ತಿದ್ದರೆ ಮೂರಕ್ಕೆ ಎರಡು, ಕೆಲಸ ಉಳಿಯುತ್ತಿತ್ತು. ನನಗೆ ಸುಮ್ಮನಿರಲು ಆಗಲಿಲ್ಲ. ನಾಲ್ಕರವರೆಗೆ ಎಣಿಸಲು ಆಕಾಶದ ಸಹಾಯ ಬೇಕಾದವರು ವಾಚನಾಲಯ ನಡೆಸಬಾರದು, ಈ ವಾಚನಾಲಯದಲ್ಲಿ ಓದು ಬಂದ ಗಂಡಸು ಏಕಾಂತಯ್ಯ ಒಬ್ಬರೇ, ಅವರೂ ಹೊರಗೆ ನಿಂತಿದ್ದಾರೆ ಎಂದೆ. ಮಹದೇವಯ್ಯನವರ ಮುಖ ಕಪ್ಪಿಟ್ಟಿತು. ನಾಲ್ಕಕ್ಕೆ ಒಂದು ಮತದಿಂದ ಏಕಾಂತಯ್ಯನವರನ್ನು ವಜಾ ಮಾಡಿದರು. ಮೂವತ್ತೊಂದನೆಯ ತಾರೀಕಿನೊಳಗೆ ಕೋಣೆ ಖಾಲಿ ಮಾಡಬೇಕು.

ಅವರು ಆ ಕಾಗದ ಓದಿ, ತಾರೀಕು ಸರಿಯಾಗಿದೆಯೇ ಎಂದು ನೋಡಿ, ಮಡಿಸಿ ಜೇಬಿನಲ್ಲಿಟ್ಟುಕೊಂಡರು. ಆ ವಾರ ಅವರು ಮನೆ ಹುಡುಕಲೂ ಇಲ್ಲ, ಯಾರ ಕಾಲನ್ನೂ ಹಿಡಿಯಲಿಲ್ಲ. ನಾನು ಮೇಲ್ಮನವಿಯ ಕರಡು ಬರೆದುಕೊಟ್ಟೆ. ಅದರಲ್ಲಿ 'ಅನೇಕ ವರ್ಷಗಳ ನಿಷ್ಕಳಂಕ ಸೇವೆ' ಎಂದಿತ್ತು. ನಿಷ್ಕಳಂಕ ಎಂದು ಬರೆಯಲಾಗದು, ಒಂದು ಸಲ ಪತ್ರಿಕೆ ಕಳೆದಿದ್ದೇನೆ ಎಂದು ವಾಪಸು ಕೊಟ್ಟರು. ನಾನು ಕರಡನ್ನು ಅವರೆದುರಿಗೇ ಹರಿದುಹಾಕಿದೆ.

ಕೆಲಸಕ್ಕೆ ಬಂದದ್ದು ಪಾರ್ವತಮ್ಮನ ಬುದ್ಧಿ. ಆಕೆ ನನ್ನ ಹತ್ತಿರ ಬರಲಿಲ್ಲ, ಅಮಲ್ದಾರರ ಹತ್ತಿರವೂ ಹೋಗಲಿಲ್ಲ. ಎಲೆ, ಅಡಿಕೆ, ಒಂದು ತೆಂಗಿನಕಾಯಿ ತೆಗೆದುಕೊಂಡು ನೇರ ಕೃಷ್ಣಸ್ವಾಮಿ ಜೋಯಿಸರ ಮನೆಗೆ ಹೋದರು. ಅಲ್ಲಿ ನಡೆದದ್ದನ್ನು ಜೋಯಿಸರೇ ಆಮೇಲೆ ನನಗೆ ಹೇಳಿದರು.

"ಬುದ್ಧಿ, ಮನೆ ಬದಲಾಯಿಸ್ಬೇಕು. ಮೂವತ್ತೊಂದರೊಳಗೆ ಒಂದು ದಿನ ನೋಡಿಕೊಡಿ" ಎಂದರಂತೆ.

"ಪುಷ್ಯಮಾಸ ಕಣಮ್ಮ. ಈ ತಿಂಗಳು ಮನೆ ಬಿಡೋ ಹಾಗೂ ಇಲ್ಲ, ಹೊಗೋ ಹಾಗೂ ಇಲ್ಲ."

"ಮೂವತ್ತೊಂದಾದ ಮೇಲೆ?"

"ಆಮೇಲೆ ಅಷ್ಟಗ್ರಹ, ಅಮಾವಾಸ್ಯೆ. ಐದನೇ ತಾರೀಕು ಕಳೆಯೋತನಕ ಒಂದು ಪೊರಕೇನೂ ಆಚೆ ಸಾಗಿಸಬಾರದು."

"ಅಂಗೂ ಸಾಗಿಸ್ಬೇಕಾಗಿ ಬಂದ್ರೆ ದೋಷ ಯಾರಿಗೆ ಬುದ್ಧಿ? ಬಿಟ್ಟೋರಿಗಾ, ಬಿಡಿಸಿದೋರಿಗಾ?"

ಜೋಯಿಸರು ಪಂಚಾಂಗ ಮುಚ್ಚಿ ಯೋಚಿಸಿದರಂತೆ. "ಬಿಡಿಸಿದೋರಿಗೆ" ಎಂದರಂತೆ. "ಅದರಲ್ಲೂ ಜಂಗಮರ ಮನೆ ಒಕ್ಕಲೆಬ್ಬಿಸಿದರೆ, ಎಬ್ಬಿಸಿದವರ ಮನೆ ಉಳಿಯೋದಿಲ್ಲ."

"ಇದನ್ನ ಅಮಲ್ದಾರ್ರಿಗೆ ನಾನೆಂಗೆ ಹೇಳ್ಲಿ? ಹೆಂಗಸು, ಸುಳ್ಳು ಹೇಳ್ತಾಳೆ ಅಂತಾರೆ. ನೀವೇ ಒಂದು ಮಾತು ತಿಳಿಸ್ಬುಡಿ, ಅವರಿಗೇ ಒಳ್ಳೇದಾಗ್ಲಿ."

ಜೋಯಿಸರು ಅಂದು ಸಂಜೆಯೇ ಹೋಗಿ ತಿಳಿಸಿದರು. ಈ ಎಂಟು ದೇಶದ ಕತೆಗೆ ನೀವೇಕೆ ಒಪ್ಪಿದಿರಿ ಎಂದು ನಾನು ಅವರನ್ನು ದಬಾಯಿಸಿದಾಗ, ಮುಖ ಗಂಟಿಕ್ಕಿಕೊಂಡು, "ಎಂಟು ಗ್ರಹ ನನ್ನದಮ್ಮ. ದೇಶ ಅಮಲ್ದಾರರದ್ದು. ಪಂಚಾಂಗದಲ್ಲಿಲ್ಲದ್ದು ನಾನು ಒಂದಕ್ಷರ ಹೇಳೋನಲ್ಲ" ಎಂದರು. ಈ ಊರಿನಲ್ಲಿ ಏಕಾಂತಯ್ಯ ಇಬ್ಬರಿದ್ದಾರೆಂದು ನನಗೆ ಅಂದು ತಿಳಿಯಿತು.

ಮೂವತ್ತೊಂದು ಬಂತು, ಹೋಯಿತು. ಕೋಣೆಯ ಬೀಗದ ಕೈ ಕೇಳಲು ಯಾರೂ ಬರಲಿಲ್ಲ. ಮೂರು ದಿನ ಹೋಮ ನಡೆಯಿತು. ಹೊಗೆ ನಮ್ಮ ಬೀದಿಯ ಉದ್ದಕ್ಕೂ ತುಂಬಿತ್ತು. ಸುಂದರೇಶ ಮತ್ತೆ ಬರೆದ ಎಂಟು ದೇಶಗಳು ಹಲಗೆಯ ಮೇಲಿದ್ದವು. ಹೊಗೆಯಲ್ಲಿ ಅವು ಯಾರಿಗೂ ಕಾಣಿಸಲಿಲ್ಲ. ಆರನೆಯ ತಾರೀಕು ಬೆಳಗ್ಗೆ ಹಾಲಿನವಳು ಎಂದಿನಂತೆ ಬಂದಳು. ಅಮಲ್ದಾರರು ನನ್ನ ಮನೆಯ ಮುಂದೆ ನಿಂತರು.

"ನೋಡಿದ್ರಾ ಮೇಡಂ?"

"ಏನನ್ನ?"

"ಏನೂ ಆಗಲಿಲ್ಲ."

"ಅದನ್ನೇ ನಾನು ಒಂದು ತಿಂಗಳಿಂದ ಹೇಳಿದ್ದು."

"ನೀವು ಹೇಳಿದ್ರಿ. ನಾವು ಹೋಮ ಮಾಡಿ ನಿಲ್ಲಿಸಿದ್ವಿ."

ನಾನು ಬಾಗಿಲು ಹಾಕಿಕೊಂಡೆ.

ಗ್ರಹ ಚದುರಿದ ಮೇಲೆ ಕೋಣೆ ಬಿಡಿಸಬಹುದಿತ್ತು. ಆದರೆ ಪಾರ್ವತಮ್ಮ ತಾನಾಗಿಯೇ, ಯಾರೂ ಕೇಳುವ ಮೊದಲೇ, ಮತ್ತೆ ಎಲೆ ಅಡಿಕೆ ಹಿಡಿದು ಜೋಯಿಸರಲ್ಲಿಗೆ ಹೋದರು. ಶಿವರಾತ್ರಿ ಹತ್ತಿರವಿತ್ತು. ಹಬ್ಬದ ಮುಂದೆ ಒಲೆ ಆರಿಸಬಾರದು ಎಂದಾಯಿತು. ಶಿವರಾತ್ರಿ ಕಳೆಯುವಷ್ಟರಲ್ಲಿ ಮಗಳು ಭಾಗ್ಯಮ್ಮ ಗಂಡನ ಮನೆಯಿಂದ ಬಂದಳು, ಏಳು ತಿಂಗಳ ಬಸುರಿ. ಬಸುರಿ ಇರುವ ಮನೆ ಬದಲಾಯಿಸುವಂತಿಲ್ಲ. ಆಮೇಲೆ ಬಾಣಂತನ. ಬಾಣಂತನ ಮುಗಿದು ಮಗು ಕತ್ತು ನಿಲ್ಲಿಸುವ ಹೊತ್ತಿಗೆ ಆಷಾಢ. ಪ್ರತಿ ಸಲವೂ ಆಕೆ ದಿನ ಕೇಳಿದ್ದಾರೆ, ಪ್ರತಿ ಸಲವೂ ಜೋಯಿಸರು ಪುಸ್ತಕ ನೋಡಿ ಇದ್ದದ್ದನ್ನೇ ಹೇಳಿದ್ದಾರೆ, ಪ್ರತಿ ಸಲವೂ ಅದು ಅಮಲ್ದಾರರ ಕಿವಿಗೆ ಮುಟ್ಟಿದೆ. ಆಷಾಢದಲ್ಲಿ ಒಂದು ದಿನ ಅವರು ರೇಗಿ, "ಆ ಹೆಂಗಸಿಗೆ ಒಂದು ಮುಹೂರ್ತಾನೂ ಕೂಡಿಬರಲ್ವಲ್ರೀ!" ಎಂದು ನನ್ನ ಹತ್ತಿರ ದೂರಿದರು. ಪಂಚಾಂಗ ನನ್ನ ವಿಷಯವಲ್ಲ ಎಂದೆ.

ಅಷ್ಟರಲ್ಲಿ ಹಲಗೆಯ ವಿಷಯವೂ ಮುಗಿದುಹೋಗಿತ್ತು. ವಜಾ ಆದ ಮೇಲೆ ಸುದ್ದಿ ಬರೆಯುವ ಕೆಲಸ ಸುಂದರೇಶರಿಗೆ ಬಂದಿತ್ತು. ಅವರು ಎರಡು ವಾರ ಬರೆದರು. ಮೊದಲು ಏಳಕ್ಕೆ, ಆಮೇಲೆ ಒಂಬತ್ತಕ್ಕೆ, ಆಮೇಲೆ ಕಚೇರಿಗೆ ಹೊತ್ತಾಯಿತೆಂದು ಬರೆಯಲೇ ಇಲ್ಲ. ನಾಲ್ಕು ದಿನ ಹಲಗೆಯಲ್ಲಿ ಹಳೆಯ ಸುದ್ದಿಯೇ ಇತ್ತು. ಐದನೆಯ ದಿನ ಏಕಾಂತಯ್ಯ ಎಲ್ಲ ಒರೆಸಿ ಹೊಸದು ಬರೆದರು. ಬರೆಯಿರಿ ಎಂದು ಅವರಿಗೆ ಯಾರೂ ಹೇಳಲಿಲ್ಲ. ಬರೆಯಬೇಡಿ ಎಂದೂ ಹೇಳಲಿಲ್ಲ. ಚೌಕದಲ್ಲಿ ಮತ್ತೆ ನಾಲ್ಕೇ ದೇಶ ಬಂದವು. ತಿಂಗಳ ಕೊನೆಯಲ್ಲಿ ಮಹದೇವಯ್ಯನವರು ಸಂಬಳ ತಂದುಕೊಟ್ಟರು, ಮುಖ ನೋಡಲಿಲ್ಲ.

ಒಂದು ಮಧ್ಯಾಹ್ನ ಪಾರ್ವತಮ್ಮ ಅಂಗಳದಲ್ಲಿ ಮೊಮ್ಮಗುವಿಗೆ ಎಣ್ಣೆ ತಿಕ್ಕುತ್ತಿದ್ದಾಗ ನಾನು ನೇರವಾಗಿ ಕೇಳಿದೆ.

"ಈ ಪುಷ್ಯ, ಆಷಾಢ ಎಲ್ಲ ನೀವು ನಂಬ್ತೀರಾ?"

"ನಾನೆಲ್ಲಿ ನಂಬಿದೆ ಅಂದೆ? ನನ್ನ ಮದುವೇನೇ ಆಷಾಢದಲ್ಲಿ ಆದದ್ದು, ಇವರಿಗೆ ರಜಾ ಸಿಕ್ಕಿದ್ದು ಆವಾಗ್ಲೇ."

"ಮತ್ತೆ?"

"ನೀವು ಅಮಲ್ದಾರ್ರಿಗೆ ಅವ್ರು ನಂಬ್ದೇ ಇರೋದನ್ನ ಹೇಳಿದ್ರಿ ಮೇಡಮ್ಮೋರೇ. ನಾನು ಅವ್ರು ನಂಬೋದನ್ನ ಹೇಳಿಸ್ದೆ. ಆ ಮಣೆ ಈ ಕಡೆ ತಳ್ಳಿ, ಮಗೀಗೆ ನೀರು ಹಾಕ್ಬೇಕು."

ತಳ್ಳಿದೆ. ನನ್ನ ವಿದ್ಯೆ, ನನ್ನ ಭಾಷಣ, ನಾನು ಹರಿದ ಕರಡು ಯಾವುದೂ ಆ ಕೋಣೆಯನ್ನು ಉಳಿಸಲಿಲ್ಲ. ಊರಿನ ಗೋಡೆಯ ಮೇಲೆ ನಿಜವಾದ ಸಂಖ್ಯೆ ಉಳಿಯಲು ಒಂದು ಮೂಢನಂಬಿಕೆಯ ಆಸರೆ ಬೇಕಾಯಿತು. ಆರು ವರ್ಷ ಕಳೆದರೂ ನನಗೆ ಇದನ್ನು ಒಪ್ಪಿಕೊಳ್ಳಲು ಆಗಿಲ್ಲ.

೧೯೬೪ರ ಅಕ್ಟೋಬರಿನಲ್ಲಿ ಚೀನಾ ಬಾಂಬು ಸಿಡಿಸಿದಾಗ ಏಕಾಂತಯ್ಯ ಅದನ್ನು ಐದನೆಯದಾಗಿ ಸೇರಿಸಿದರು. ಅಮಲ್ದಾರರು ತಾವು ಮೊದಲೇ ಹೇಳಿದ್ದಾಗಿ ಬಡಾವಣೆಯೆಲ್ಲ ಸಾರಿದರು. ಎರಡೂಮುಕ್ಕಾಲು ವರ್ಷ ಮೊದಲೇ ಹೇಳಿದ್ದರೆ ಅದು ಸುಳ್ಳೇ ಎಂದು ಅವರಿಗೆ ವಿವರಿಸುವ ಶಕ್ತಿ ನನಗೆ ಉಳಿದಿರಲಿಲ್ಲ. ಈಗ ಐದು ದೇಶಗಳ ಹತ್ತಿರ ಇವೆ. ಹೊಸಬರು ಮಾಡಬಾರದೆಂದು ಈ ವರ್ಷ ಒಂದು ಒಪ್ಪಂದವೂ ಆಗಿದೆ. ಇರುವವರ ಹತ್ತಿರ ಎಷ್ಟಿವೆ ಎಂದು ಈಗಲೂ ಸರಿಯಾಗಿ ಯಾರೂ ಹೇಳುವುದಿಲ್ಲ.

ಏಕಾಂತಯ್ಯನವರನ್ನು ವಜಾ ಮಾಡಿದ ಠರಾವು ನಡವಳಿ ಪುಸ್ತಕದಲ್ಲಿ ಹಾಗೇ ಇದೆ. ಅದನ್ನು ರದ್ದುಮಾಡದೆ ಪಾರ್ವತಮ್ಮನಿಗೆ ಕೋಣೆಯನ್ನು ಬರೆದುಕೊಡಲು ಬರುವುದಿಲ್ಲವೆಂದು ಹೊಸ ಕಾರ್ಯದರ್ಶಿ ಹೇಳುತ್ತಾರೆ. ರದ್ದತಿಯ ಸೂಚನೆಯನ್ನು ನಾನು ಕೊಟ್ಟಿದ್ದೇನೆ, ಸಭೆಯಲ್ಲಿ ಮಾತಾಡುವುದಿಲ್ಲವೆಂದು ಲಿಖಿತವಾಗಿ ತಿಳಿಸಿಯೂ ಇದ್ದೇನೆ. ಸಭೆಯ ದಿನ ಗೊತ್ತುಮಾಡಿಸಲು ಪಾರ್ವತಮ್ಮ ನಿನ್ನೆ ಜೋಯಿಸರ ಮನೆಗೆ ಹೋಗಿಬಂದರಂತೆ.